ಹಾಜರಿ ಪುಸ್ತಕ ನೋಡಿ ಬರೆದ ಪಟ್ಟಿ

ಹೊಸದಾಗಿ ಸರ್ಕಾರಿ ನೌಕರಿಗೆ ಸೇರಿದವರು ಕೇಳುವ ಪ್ರಶ್ನೆಗಳು ನನಗೆ ಬಾಯಿಪಾಠ. ಸಂಬಳ ಯಾವತ್ತು ಬರುತ್ತದೆ, ರಜೆ ಎಷ್ಟು, ಕ್ಯಾಂಟೀನಿನ ಊಟ ಹೇಗೆ, ಸಾಹೇಬರ ಸ್ವಭಾವ ಎಂಥದು. ಜ್ಯೇಷ್ಠತಾ ಪಟ್ಟಿಯಲ್ಲಿ ನನ್ನ ಹೆಸರು ಎಷ್ಟನೆಯದು ಎಂದು ಮೊದಲ ತಿಂಗಳಲ್ಲಿ ಕೇಳಿದವರನ್ನು ನನ್ನ ಇಡೀ ನೌಕರಿಯಲ್ಲಿ ಕಾಣಲಿಲ್ಲ. ಹತ್ತು ಹದಿನೈದು ವರ್ಷ ಕಳೆದ ಮೇಲೆ, ತಮಗಿಂತ ಕಿರಿಯರು ಎಂದುಕೊಂಡವರು ಮೇಲಿನ ಕುರ್ಚಿಯಲ್ಲಿ ಹೋಗಿ ಕೂತಾಗ ಎಲ್ಲರೂ ಓಡೋಡಿ ಬರುತ್ತಾರೆ. ಆಗ ನಾನು ಹೇಳುತ್ತಿದ್ದದ್ದು ಒಂದೇ ಮಾತು: ವಕೀಲರನ್ನು ಹುಡುಕಿಕೊಳ್ಳಿ.

ನನ್ನ ಹೆಸರು ಮುನಿಲಕ್ಷ್ಮಿ. ಹುಟ್ಟಿದ್ದು ಕೆ.ಆರ್. ಪುರಂ ಕಡೆಯ ಹಳ್ಳಿಯಲ್ಲಿ. ನಮ್ಮಪ್ಪ ರಾಗಿ ಬೆಳೆದ ನೆಲದಲ್ಲಿ ಈಗ ಹನ್ನೆರಡು ಅಂತಸ್ತಿನ ಕಟ್ಟಡವಿದೆ. ನೌಕರಿ ಮಾಡಿದ್ದು ಕಂಟೋನ್ಮೆಂಟಿನ ಒಂದು ಹಳೆಯ ಸರ್ಕಾರಿ ಕಚೇರಿಯಲ್ಲಿ, ಸಿಬ್ಬಂದಿ ವಿಭಾಗದಲ್ಲಿ. ಶಿವಾಜಿನಗರದಲ್ಲಿ ಬಸ್ಸಿಳಿದು ನಡೆದರೆ ಹತ್ತು ನಿಮಿಷ. ನೌಕರರು ಇಲಾಖೆಯ ಮೇಲೆ ಹಾಕಿದ ಹಿರಿತನದ ಕೇಸುಗಳ ಕಡತ ನೋಡಿಕೊಳ್ಳುವುದೇ ನನ್ನ ಪಾಲಿಗೆ ಬಂದ ಕೆಲಸ. ಅರ್ಜಿದಾರರು ಒಂದೊಂದು ಪ್ಯಾರಾದಲ್ಲಿ ಹೇಳಿದ್ದಕ್ಕೆ ಇಲಾಖೆಯ ಉತ್ತರ ಬರೆಯಬೇಕು, ಅದನ್ನು ಸರ್ಕಾರಿ ವಕೀಲರಿಗೆ ತಲುಪಿಸಬೇಕು, ವಿಚಾರಣೆಯ ದಿನ ಕಡತ ಹಿಡಿದು ಇಂದಿರಾನಗರದ ನ್ಯಾಯಮಂಡಳಿಗೆ ಹೋಗಿ ವಕೀಲರ ಬೆನ್ನ ಹಿಂದೆ ಕೂರಬೇಕು. ನನಗೆ ಬಡ್ತಿ ಯಾವಾಗ ಬಂತು, ಎಷ್ಟು ಬಂತು ಎಂಬುದನ್ನು ಬರೆಯುವುದಿಲ್ಲ. ಅದರಿಂದ ಯಾರಿಗೂ ಏನೂ ಕಲಿಯಲು ಸಿಗುವುದಿಲ್ಲ.

ಕಲಿಯುವಂಥದ್ದು ಸಿಕ್ಕಿದ್ದು ನಾಗರಾಜ ಮತ್ತು ಸೆಲ್ವಂ ಎಂಬ ಇಬ್ಬರಿಂದ. ಇಬ್ಬರೂ ಒಂದೇ ದಿನ ಕೆಲಸಕ್ಕೆ ಸೇರಿದವರು. ನಾನು ಬೆಳಿಗ್ಗೆ ಸೇರಿದೆ, ಅವನು ಮಧ್ಯಾಹ್ನ ಸೇರಿದ, ಆದ್ದರಿಂದ ನಾನೇ ಹಿರಿಯ ಎಂದು ಇಬ್ಬರದೂ ವಾದ. ಈ ಬೆಳಿಗ್ಗೆ ಮಧ್ಯಾಹ್ನದ ಜಗಳ ಎಂಟು ವರ್ಷ ನಡೆಯಿತು. ಇಬ್ಬರ ಮನೆಯೂ ಕೆ.ಆರ್. ಪುರಂನಲ್ಲಿ. ದಿನಾ ಕಚೇರಿಗೆ ನಾಗರಾಜನ ಸ್ಕೂಟರಿನಲ್ಲಿ ಒಟ್ಟಿಗೆ ಬರುತ್ತಿದ್ದರು. ಕೇಸಿನ ದಿನವೂ ಅದೇ ಸ್ಕೂಟರು. ಇಂದಿರಾನಗರದ ದರ್ಶಿನಿಯಲ್ಲಿ ಒಂದೇ ತಟ್ಟೆ ಖಾರಾಬಾತ್ ಹಂಚಿಕೊಂಡು ತಿಂದು, ಒಳಗೆ ಹೋಗಿ ಎದುರುಬದುರು ಕೂರುತ್ತಿದ್ದರು.

ಕೊನೆಗೆ ನ್ಯಾಯಮಂಡಳಿಯ ಸದಸ್ಯರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟು, "ಬೆಳಿಗ್ಗೆ ಬಂದ್ರೋ ಸಂಜೆ ಬಂದ್ರೋ ನನಗೆ ಬೇಡ. ಆಯ್ಕೆ ಪಟ್ಟಿಯಲ್ಲಿ ಯಾರು ಮೇಲಿದ್ದಾರೆ?" ಎಂದು ಕೇಳಿದರು. ಸೆಲ್ವಂ ಏಳನೆಯವನು, ನಾಗರಾಜ ಒಂಬತ್ತನೆಯವನು. ಐದು ನಿಮಿಷದಲ್ಲಿ ಕೇಸು ಮುಗಿಯಿತು. ಹೊರಗೆ ಬಂದ ನಾಗರಾಜ ಸ್ಕೂಟರಿನ ಕಿಕ್ಕರ್ ಒದೆಯುತ್ತಾ, "ಎಂಟು ವರ್ಷ ಡ್ರೈವರ್ ಕೆಲ್ಸ ಮಾಡಿದ್ದು ನಾನು ಮಗಾ, ಗೆದ್ದಿದ್ದು ನೀನು. ಗಾಡಿ ಹತ್ತು, ಲೇಟಾಯ್ತು" ಅಂದ.

ನಿಯಮ ಅಷ್ಟು ಸರಳ. ಪರೀಕ್ಷೆ ಬರೆದು ನೇರವಾಗಿ ಬಂದವರ ಹಿರಿತನ ಆಯ್ಕೆ ಪಟ್ಟಿಯ ಕ್ರಮಾಂಕದಿಂದ ಬರುತ್ತದೆ, ಸೇರಿದ ದಿನದಿಂದಲ್ಲ. ಕೊಟ್ಟ ಗಡುವಿನೊಳಗೆ ಸೇರಿರಬೇಕು, ಇಲ್ಲವೇ ಗಡುವು ವಿಸ್ತರಣೆಗೆ ಅನುಮತಿ ಪಡೆದಿರಬೇಕು, ಅಷ್ಟೇ. ಆ ದಿನ ನಾನೂ ಎಲ್ಲರ ಜೊತೆ ನಕ್ಕೆ. ನಾನೇ ಬರೆದ ಪಟ್ಟಿಯೊಂದು ನಮ್ಮ ಕಚೇರಿಯಲ್ಲಿ ನಡೆಯುತ್ತಿದೆ ಎಂಬುದು ತಲೆಗೆ ಹೊಳೆಯಲೂ ಇಲ್ಲ.

ಇನ್ನೊಂದು ಪಾಠ ಬೈಗುಳದ ರೂಪದಲ್ಲಿ ಬಂತು. ಒಮ್ಮೆ ಝೆರಾಕ್ಸ್ ಪ್ರತಿ ಮಾತ್ರ ಹಿಡಿದು ವಿಚಾರಣೆಗೆ ಹೋಗಿದ್ದೆ. "ಮೂಲ ಕಾಗದ ಎಲ್ಲಿ?" ಎಂದರು ಸದಸ್ಯರು. ಕಚೇರಿಯಲ್ಲಿದೆ ಎಂದೆ. "ಹಾಗಾದರೆ ನೀವು ಇಲ್ಲೇಕೆ ಬಂದಿರಿ?" ಎಂದರು. ಆ ಕೇಸು ನಾಲ್ಕು ತಿಂಗಳು ಮುಂದಕ್ಕೆ ಹೋಯಿತು. ತುಂಬಿದ ಸಭಾಂಗಣದಲ್ಲಿ ಕಿವಿ ಸುಟ್ಟ ಮೇಲೆ, ಎಷ್ಟೇ ಸಣ್ಣ ಕೇಸಿರಲಿ, ದಾಖಲೆ ಕೋಣೆಗೆ ನಾನೇ ಇಳಿದು ಮೂಲ ಕಡತ ತೆಗೆದು ಓದದೆ ಒಂದು ಸಾಲೂ ಬರೆಯುತ್ತಿರಲಿಲ್ಲ. ಈ ಅಭ್ಯಾಸವೇ ಮುಂದೆ ನನ್ನ ಬುಡಕ್ಕೆ ಬಂತು.

ಈಗ ಶರಣಮ್ಮನ ಕೇಸು. ಬರೆಯಬೇಕೆಂದು ಕೂತಿದ್ದೇ ಇದಕ್ಕಾಗಿ.

ನಮ್ಮ ಕಚೇರಿಗೆ ಒಂದೇ ಪರೀಕ್ಷೆ ಬರೆದು ಬಂದ ಗುಮಾಸ್ತೆಯರು ಮೂವರು. ನಾನು, ಕುಕ್ ಟೌನಿನ ಫಿಲೋಮಿನಾ, ಯಾದಗಿರಿ ಕಡೆಯ ಶರಣಮ್ಮ. ನೇಮಕಾತಿ ಪತ್ರ ಬಂದ ಮರುದಿನವೇ ನಮ್ಮಪ್ಪ ನನ್ನನ್ನು ಬಸ್ಸು ಹತ್ತಿಸಿದರು. ವಾರದ ನಂತರ ಫಿಲೋಮಿನಾ ಬಂದಳು. ಶರಣಮ್ಮನ ಪತ್ರ ಅವರ ಊರು ಮುಟ್ಟುವಷ್ಟರಲ್ಲಿ ಗಡುವು ಮುಗಿಯುತ್ತಾ ಬಂದಿತ್ತಂತೆ. ಆಕೆ ಸುಮಾರು ಎರಡು ತಿಂಗಳು ತಡವಾಗಿ, ಒಂದು ಟ್ರಂಕು ಹೊತ್ತುಕೊಂಡು ಬಂದಳು. ಹಲಸೂರಿನಲ್ಲಿ ಒಂದು ಕೋಣೆಯ ಬಾಡಿಗೆ ಮನೆ ಹಿಡಿದಳು. ನನಗಿಂತ ಎರಡು ವರ್ಷ ಚಿಕ್ಕವಳು, ಹಾಗಾಗಿ ನಾನು ಅವಳಿಗೆ ಅಕ್ಕ ಆದೆ.

ಸೇರಿದ ಎರಡನೇ ವರ್ಷ ಜ್ಯೇಷ್ಠತಾ ಪಟ್ಟಿ ತಯಾರಿಸಲು ಆದೇಶ ಬಂತು. ಹಿರಿಯರೆಲ್ಲ ಮೆಲ್ಲಗೆ ಜಾರಿಕೊಂಡು ಕೆಲಸವನ್ನು ನನ್ನ ತಲೆಗೆ ಕಟ್ಟಿದರು. ಸಂಜೆಯೊಳಗೆ ಬೇಕು ಎಂದರು. ನಾನು ಕೈಗೆ ಸಿಕ್ಕ ಹಾಜರಿ ಪುಸ್ತಕ ತೆರೆದೆ. ಹಾಜರಿ ಪುಸ್ತಕದಲ್ಲಿ ಹೊಸಬರ ಹೆಸರನ್ನು ಬಂದ ಹಾಗೆ ಕೆಳಗೆ ಸೇರಿಸುತ್ತಾ ಹೋಗುತ್ತೇವೆ. ಅದೇ ಕ್ರಮದಲ್ಲಿ ಹೆಸರು ಇಳಿಸಿಕೊಂಡೆ. ನಾನು, ಫಿಲೋಮಿನಾ, ಶರಣಮ್ಮ. ಸಾಹೇಬರು ನೋಡದೆ ಸಹಿ ಹಾಕಿದರು. ಪ್ರತಿ ವರ್ಷ ಹೊಸ ಪಟ್ಟಿ ಹೊರಡಿಸಿ ಎಲ್ಲರಿಗೂ ತೋರಿಸಬೇಕು ಎಂದು ನಿಯಮವಿದೆ. ನಮ್ಮಲ್ಲಿ 'ಹಿಂದಿನಂತೆ' ಎಂದು ಒಂದು ಮಾತು ಬರೆದು ಅದೇ ಪಟ್ಟಿಯನ್ನು ಹನ್ನೆರಡು ವರ್ಷ ನಡೆಸಿದರು.

ಹನ್ನೆರಡು ವರ್ಷದ ಮೇಲೆ ಒಂದು ಸೂಪರಿಂಟೆಂಡೆಂಟ್ ಹುದ್ದೆ ಖಾಲಿಯಾಯಿತು. ಪಟ್ಟಿಯ ಪ್ರಕಾರ ಅದು ನನಗೆ. ಅಂದು ಮಧ್ಯಾಹ್ನ ಶರಣಮ್ಮ ನನ್ನ ಮೇಜಿನ ಮುಂದೆ ಬಂದು ನಿಂತಳು.

"ಅಕ್ಕಾ, ನಿಮ್ಮ ರ‍್ಯಾಂಕ್ ಎಷ್ಟಿತ್ತುರಿ?"

"ಹನ್ನೊಂದು. ಯಾಕೆ?"

"ನಂದು ನಾಕು. ಫಿಲೋಮಿನಾ ಮೇಡಂದು ಹನ್ನೆರಡು. ಮತ್ತ ನಾ ಹೆಂಗ್ ಕೆಳಗ ಬಂದೆ?"

"ನೀನು ಲೇಟಾಗಿ ಸೇರಿದ್ದಲ್ವಾ ಶರಣಮ್ಮ? ಗಡುವು ಮುಗಿದ್ಮೇಲೆ ಬಂದ್ರೆ ರ‍್ಯಾಂಕ್ ಹೋಗತ್ತೆ ಕಣೇ."

"ಟೈಮ್ ಕೇಳಿ ಅರ್ಜಿ ಕೊಟ್ಟಿದ್ದೆ. ಕೊಟ್ಟೀವಿ ಅಂತ ಕಾಗದಾನೂ ಬಂದಿತ್ತು. ನಾಕು ಮನಿ ಬದಲಿ ಮಾಡೋದ್ರಾಗ ಅದು ಎಲ್ಲಿ ಹೋತೋ."

ಕಾಗದವಿಲ್ಲದ ಮಾತು ಕಚೇರಿಯಲ್ಲಿ ಗಾಳಿಗೆ ಹೋದಂತೆಯೇ. ನನಗೆ ಒಳಗೊಳಗೆ ಸಮಾಧಾನವಾಯಿತು ಎಂದು ಒಪ್ಪಿಕೊಳ್ಳುತ್ತೇನೆ. ಆಕೆ ಮನವಿ ಕೊಟ್ಟಳು. ಗಡುವು ಮೀರಿ ಸೇರಿದ್ದೀರಿ, ಪಟ್ಟಿ ನೋಡಿ ಸಹಿ ಮಾಡಿಯೂ ಹನ್ನೆರಡು ವರ್ಷ ಆಕ್ಷೇಪಿಸಿಲ್ಲ ಎಂದು ಸಾಹೇಬರು ಹಿಂಬರಹ ಕೊಟ್ಟು ತಳ್ಳಿಹಾಕಿದರು. ಅಂಥ ಪಟ್ಟಿ ನೋಡಿಯೇ ಇಲ್ಲ ಎಂದು ಆಕೆ ನ್ಯಾಯಮಂಡಳಿಗೆ ಹೋದಳು. ಇಲಾಖೆಯ ಜೊತೆಗೆ, ಸ್ಥಾನ ಕಳೆದುಕೊಳ್ಳಬಹುದಾದ ನನ್ನನ್ನೂ ಫಿಲೋಮಿನಾಳನ್ನೂ ಪ್ರತಿವಾದಿಗಳನ್ನಾಗಿ ಮಾಡಿದಳು. ಮಾಡಲೇಬೇಕು. ಯಾರ ಜಾಗ ಹೋಗುತ್ತದೋ ಅವರ ಮಾತು ಕೇಳದೆ ಯಾವ ನ್ಯಾಯಾಲಯವೂ ಪಟ್ಟಿ ಮುಟ್ಟುವುದಿಲ್ಲ. ಇದು ತಿಳಿಯದೆ ಬರೀ ಇಲಾಖೆಯ ಮೇಲೆ ಕೇಸು ಹಾಕಿ ಸೋತವರನ್ನು ಬೇಕಾದಷ್ಟು ಕಂಡಿದ್ದೇನೆ.

ನೋಟಿಸು ಬಂದ ದಿನ ಫಿಲೋಮಿನಾ ಅವಳೊಂದಿಗೆ ಮಾತು ಬಿಟ್ಟಳು. ಕಚೇರಿಯಲ್ಲಿ ಅರ್ಧ ಜನ ಬಿಟ್ಟರು. ಶರಣಮ್ಮ ಯಾರನ್ನೂ ಬೇಡಿಕೊಳ್ಳಲಿಲ್ಲ. ಬುತ್ತಿ ಬಿಚ್ಚಿ ಒಬ್ಬಳೇ ರೊಟ್ಟಿ ತಿನ್ನುತ್ತಿದ್ದಳು. ಒಂದು ಕೋಣೆಯಲ್ಲಿ ಅತ್ತೆ, ಗಂಡ, ಎರಡು ಮಕ್ಕಳು. ಆ ಹುದ್ದೆ ಸಿಕ್ಕರೆ ಎರಡು ಕೋಣೆಯ ಸರ್ಕಾರಿ ಕ್ವಾರ್ಟರ್ಸ್ ಸಿಗುತ್ತಿತ್ತು. ಆದರೂ ಅವಳ ಬಾಯಲ್ಲಿ ಕ್ವಾರ್ಟರ್ಸಿನ ಮಾತು ಬರುತ್ತಿರಲಿಲ್ಲ. "ಹುದ್ದೆ ಯಾರಿಗರ ಕೊಡ್ರಿ. ನನ್ನ ನಂಬರ್ ನನಗ ಕೊಡ್ರಿ. ಓದಿ ತಗೊಂಡೀನಿ ಅದನ್ನ" ಎನ್ನುತ್ತಿದ್ದಳು.

ಈ ಕಡತ ಬೇರೆಯವರಿಗೆ ಕೊಡಿ, ನಾನೇ ಪ್ರತಿವಾದಿ, ನಾನು ನೋಡುವುದು ಸರಿಯಲ್ಲ ಎಂದು ಸಾಹೇಬರಿಗೆ ಹೇಳಿದೆ. "ಇನ್ಯಾರ್ರೀ ಇದ್ದಾರೆ ಈ ಸೆಕ್ಷನ್‌ನಲ್ಲಿ? ನಿಮ್ಮದೇ ಕೇಸು, ಚೆನ್ನಾಗೇ ಬರೀತೀರ" ಎಂದು ನಕ್ಕರು. ಕುರಿ ಕಾಯಲು ತೋಳ ನೇಮಿಸಿದ ಹಾಗಾಯಿತು.

ಅಭ್ಯಾಸದಂತೆ ದಾಖಲೆ ಕೋಣೆಗೆ ಇಳಿದೆ. ಧೂಳು ಹೊಡೆದು ನೇಮಕಾತಿಯ ಹಳೆಯ ಕಟ್ಟು ಬಿಚ್ಚಿದೆ. ಆಯ್ಕೆ ಪಟ್ಟಿಯಲ್ಲಿ ಶರಣಮ್ಮ ನಾಲ್ಕು, ನಾನು ಹನ್ನೊಂದು, ಫಿಲೋಮಿನಾ ಹನ್ನೆರಡು. ಅದರ ಹಿಂದೆ ಒಂದು ತೆಳು ಕಾರ್ಬನ್ ಪ್ರತಿ: ಶರಣಮ್ಮನಿಗೆ ಸೇರಲು ಎರಡು ತಿಂಗಳ ಕಾಲಾವಕಾಶ ನೀಡಿದೆ. ನಮ್ಮ ಕಚೇರಿಯದೇ ಮೊಹರು. ಅವಳು ಹೇಳಿದ್ದು ಅಕ್ಷರಶಃ ನಿಜ.

ಅದಕ್ಕಿಂತ ಕೆಟ್ಟದ್ದು ಮುಂದಿನ ಕಟ್ಟಿನಲ್ಲಿತ್ತು. ಪಟ್ಟಿಯ ಜೊತೆ ಮೇಜಿನಿಂದ ಮೇಜಿಗೆ ಹೋಗಿ, 'ನೋಡಿದ್ದೇನೆ' ಎಂದು ಎಲ್ಲರ ಸಹಿ ಹಾಕಿಸಿಕೊಂಡು ಬಂದ ಹಾಳೆ. ಇಲಾಖೆಯ ಇಡೀ ವಾದ ನಿಂತಿದ್ದು ಅದರ ಮೇಲೆ. ವರ್ಷಗಟ್ಟಲೆ ನಡೆದುಬಂದ ಪಟ್ಟಿಯನ್ನು ನ್ಯಾಯಾಲಯಗಳು ಸುಲಭಕ್ಕೆ ಕದಲಿಸುವುದಿಲ್ಲ. ನೋಡಿಯೂ ಸುಮ್ಮನಿದ್ದವರಿಗೆ ಅಲ್ಲಿ ಜಾಗವಿಲ್ಲ. ಆ ಹಾಳೆಯಲ್ಲಿ ಶರಣಮ್ಮನ ಹೆಸರಿನ ಮುಂದೆ ಸಹಿ ಇತ್ತು. ಅಕ್ಷರ ನನ್ನದು.

ನೋಡಿದ ಕೂಡಲೇ ಆ ಮಧ್ಯಾಹ್ನ ಪೂರ್ತಿ ನೆನಪಾಯಿತು. ಶರಣಮ್ಮ ಹೆರಿಗೆ ರಜೆಯಲ್ಲಿ ಊರಿಗೆ ಹೋಗಿದ್ದಳು. ಅಟೆಂಡರ್ ಅಂತೋಣಿ ಹಾಳೆ ಹಿಡಿದು ನನ್ನ ಬಳಿ ಬಂದಿದ್ದ. "ಒಂದು ಸೈನ್ ಖಾಲಿ ಇದೆಮ್ಮ, ಸಾಹೇಬ್ರು ವಾಪಸ್ ಕಳಿಸ್ತಾರೆ. ಒಂದ್ ಸೈನ್ ತಾನೇ? ನೀವೇ ಹಾಕ್ಬಿಡಿಮ್ಮ." ನಾವೆಲ್ಲ ಒಬ್ಬರಿಗೊಬ್ಬರು ಹಾಗೆ ಹಾಕಿಕೊಳ್ಳುತ್ತಿದ್ದೆವು. ಹಾಳೆ ತುಂಬಿ ಹೋಗಬೇಕು, ಅದರಲ್ಲಿ ಏನಿದೆ ಎಂದು ಯಾರೂ ನೋಡುತ್ತಿರಲಿಲ್ಲ. ನಾನು ಮಾತನಾಡುತ್ತಲೇ 'ಶರಣಮ್ಮ' ಎಂದು ಬರೆದು ಕೊಟ್ಟಿದ್ದೆ.

ಆ ಕಟ್ಟನ್ನು ಮತ್ತೆ ಕಟ್ಟಿ ಇಟ್ಟೆ. ಎರಡು ದಿನ ಕಚೇರಿಯಲ್ಲಿ ಯಾರಿಗೂ ಹೇಳಲಿಲ್ಲ. ಈ ಎರಡು ದಿನವನ್ನು ಬಿಟ್ಟು ಬರೆದರೆ ಈ ಬರಹವೇ ಸುಳ್ಳಾಗುತ್ತದೆ. ಹನ್ನೆರಡು ವರ್ಷ ಕಾದ ಹುದ್ದೆ ನನಗೂ ಬೇಕಾಗಿತ್ತು. ಮನೆಯವರಿಗೆ ಹೇಳಿದಾಗ, "ನೀನು ಬೇಕೂಂತ ಮಾಡಿದ್ದಲ್ವಲ್ಲ. ಸುಮ್ನಿರು. ಯಾರಿಗ್ ಗೊತ್ತಾಗತ್ತೆ?" ಎಂದರು. ಯಾರಿಗೂ ಗೊತ್ತಾಗುತ್ತಿರಲಿಲ್ಲ, ಅದು ನಿಜ.

ನಮ್ಮಪ್ಪ ಆಗಿನ್ನೂ ಇದ್ದರು. ಪಕ್ಕದ ಹೊಲದವನು ವರ್ಷಕ್ಕೆ ಒಂದು ಗೇಣಿನಂತೆ ಬದು ಒತ್ತುತ್ತಾ ಬಂದನೆಂದು ಹತ್ತು ವರ್ಷ ಅವನೊಂದಿಗೆ ಗುದ್ದಾಡಿದವರು. ಭಾನುವಾರ ನೋಡಲು ಹೋದಾಗ ಆ ಹಳೆಯ ಕತೆಯನ್ನೇ ಮತ್ತೆ ತೆಗೆದರು. "ಗೊತ್ತಿಲ್ದೆ ಒತ್ದೆ ಅಂದ ಕಣಮ್ಮ. ಸರಿ, ಗೊತ್ತಾದ್ಮೇಲಾದ್ರೂ ಬಿಡ್ಬೇಕಾಗಿತ್ತಲ್ಲ?" ಅಂದರು. ಅವರಿಗೆ ನನ್ನ ವಿಷಯ ಏನೂ ತಿಳಿದಿರಲಿಲ್ಲ. ನನಗೆ ಅಲ್ಲಿ ಕೂರಲಾಗಲಿಲ್ಲ, ಕಾಫಿ ಅರ್ಧ ಬಿಟ್ಟು ಎದ್ದೆ.

ಸೋಮವಾರ ಇಲಾಖೆಯ ಉತ್ತರ ಬರೆದೆ. ಅರ್ಜಿದಾರರ ಕ್ರಮಾಂಕ ನಾಲ್ಕು. ಕಾಲಾವಕಾಶ ನೀಡಿದ ಪತ್ರ ಕಡತದಲ್ಲಿದೆ. ಪಟ್ಟಿ ಸುತ್ತಿದಾಗ ಅವರು ರಜೆಯಲ್ಲಿದ್ದರು. ಅವರ ಹೆಸರಿನ ಮುಂದಿನ ಸಹಿ ನಾನು ಹಾಕಿದ್ದು. ಸಾಹೇಬರು ಓದಿ, ಕೆಂಪು ಪೆನ್ನು ತೆಗೆದು ಆ ಪ್ಯಾರಾದ ಮೇಲೆ ಅಡ್ಡ ಗೆರೆ ಎಳೆದರು.

"ತಲೆ ಸರಿ ಇದೆಯೇನ್ರೀ? ಕೇಸು ಸೋತ್ರೆ ಸೋಲ್ಲಿ, ಇಲಾಖೆ ತಪ್ಪು ಅಂತ ನಾವೇ ಬರ್ಕೊಡೋದಾ? ತೆಗೀರಿ ಇದನ್ನ."

"ತೆಗೆಯಲ್ಲ ಸಾರ್."

"ನಿಮ್ಮ ಪ್ರಮೋಷನ್ ಹೋಗತ್ತೆ. ಮೇಲೆ ನಿಮಗೆ ಮೆಮೋನೂ ಬರತ್ತೆ."

"ಬರ್ಲಿ ಸಾರ್. ನೀವು ಇದನ್ನ ಹೊಡೆದುಹಾಕಿದ್ರೂ ನಾನು ಪ್ರತಿವಾದಿ. ನನ್ನ ಉತ್ತರ ನಾನೇ ಹಾಕ್ತೀನಿ. ಅದಕ್ಕೆ ನಿಮ್ಮ ಸಹಿ ಬೇಕಾಗಿಲ್ಲ."

ಅವರು ಪೆನ್ನಿನ ಮುಚ್ಚಳ ಹಾಕಿ ಬಾಗಿಲ ಕಡೆ ತೋರಿಸಿದರು. ಅಷ್ಟು ವರ್ಷದಲ್ಲಿ ಮೇಲಿನವರೊಬ್ಬರಿಗೆ ನಾನು ಎದುರು ಹೇಳಿದ್ದು ಅದೇ ಮೊದಲು. ಆದರೂ ಹೇಳಿದ ಮಾತು ಹಿಂದಕ್ಕೆ ತೆಗೆದುಕೊಳ್ಳಬೇಕು ಎಂದು ಒಂದು ಸಲವೂ ಅನ್ನಿಸಲಿಲ್ಲ. ಹಲಸೂರಿನಲ್ಲಿ ನೋಟರಿಯೊಬ್ಬರ ಮುಂದೆ ಕೂತು ಒಂದು ಪುಟದ ಪ್ರಮಾಣಪತ್ರ, ಅಂದರೆ ಅಫಿಡವಿಟ್, ಮಾಡಿಸಿ ನ್ಯಾಯಮಂಡಳಿಗೆ ಹಾಕಿದೆ. ಫಿಲೋಮಿನಾ ಸಿಡುಕಿದಳು: "ಮ್ಯಾಡ್ ಆಗ್ಬಿಟ್ಯಾ ಲಕ್ಷ್ಮಿ? ನಿನ್ನ ಜೊತೆ ನನ್ನನ್ನೂ ಯಾಕೆ ಕೆಳಗೆ ಎಳೀತೀಯ?" ಅವಳ ಸಿಟ್ಟಿನಲ್ಲೂ ನ್ಯಾಯವಿತ್ತು, ತಪ್ಪು ಮಾಡಿದವಳು ಅವಳಲ್ಲವಲ್ಲ.

ವಿಚಾರಣೆಯ ದಿನ ಸರ್ಕಾರಿ ವಕೀಲರು ವರಾಂಡದಲ್ಲೇ ನನ್ನನ್ನು ತಡೆದು, "ಏನಮ್ಮಾ, ನನ್ನ ಕೈಲಿದ್ದದ್ದೇ ಒಂದು ಕಾಗದ. ಅದನ್ನೂ ಹರಿದು ಹಾಕಿದ್ರಲ್ಲ" ಎಂದರು. ಒಳಗೆ ಸದಸ್ಯರು ಮೂಲ ಹಾಳೆ ಕೇಳಿದರು. ಈ ಸಲ ನನ್ನ ಬಟ್ಟೆಯ ಚೀಲದಲ್ಲಿ ಮೂಲವೇ ಇತ್ತು. ಹಾಳೆಯನ್ನೂ ನನ್ನ ಪ್ರಮಾಣಪತ್ರವನ್ನೂ ಪಕ್ಕಪಕ್ಕ ಇಟ್ಟು ನೋಡಿದರು.

"ಈ ಸಹಿ ಹಾಕಿದ್ದು ನೀವೇನಾ?"

"ಹೌದು ಸ್ವಾಮಿ."

"ಇದರಿಂದ ನಿಮಗೆ ನಷ್ಟ ಆಗತ್ತೆ ಅಂತ ಗೊತ್ತಾ?"

"ಗೊತ್ತು. ಇಂಥ ಕೇಸುಗಳ ಕಡತ ನೋಡೋದೇ ನನ್ನ ಕೆಲಸ ಸ್ವಾಮಿ."

ಯಾರೋ ಹಿಂದಿನಿಂದ ನಕ್ಕರು. ಶರಣಮ್ಮ ಆ ಕಡೆಯ ಬೆಂಚಿನಲ್ಲಿ ಸೆರಗು ಬಿಗಿಹಿಡಿದು ಕೂತಿದ್ದಳು, ನನ್ನ ಕಡೆ ನೋಡಲಿಲ್ಲ.

ಆದೇಶ ಎರಡು ವಾರದಲ್ಲಿ ಬಂತು. ಹೊಸಬರು ಇದನ್ನು ತಿಳಿದುಕೊಳ್ಳಬೇಕು: ನ್ಯಾಯಮಂಡಳಿ ಸಾಮಾನ್ಯವಾಗಿ ಯಾರ ಕೈ ಹಿಡಿದೂ ಕುರ್ಚಿಯ ಮೇಲೆ ಕೂರಿಸುವುದಿಲ್ಲ. ಆದೇಶದ ಸಾರ ಇಷ್ಟು: ಪಟ್ಟಿಯನ್ನು ಅರ್ಜಿದಾರರಿಗೆ ತೋರಿಸಿಯೇ ಇಲ್ಲ, ಆದ್ದರಿಂದ ತಡವಾಯಿತು ಎನ್ನುವಂತಿಲ್ಲ. ಆಯ್ಕೆ ಕ್ರಮಾಂಕದ ಪ್ರಕಾರ ಮೂರು ತಿಂಗಳಲ್ಲಿ ಹೊಸ ಪಟ್ಟಿ ಮಾಡಿ, ಎಲ್ಲರಿಗೂ ತೋರಿಸಿ, ಆಕ್ಷೇಪಣೆ ಕೇಳಿ, ಆ ಮೇಲೆ ಹುದ್ದೆ ತುಂಬಿ ಎಂದಿತ್ತು. ಗೆದ್ದವರು ಸಿಹಿ ಹಂಚಿ ಮನೆಗೆ ಹೋದರೆ ಆದೇಶ ಕಡತದಲ್ಲೇ ನಿದ್ದೆ ಮಾಡುತ್ತದೆ. ಶರಣಮ್ಮ ಸಿಹಿ ಹಂಚಲಿಲ್ಲ. ಪ್ರತಿ ಸೋಮವಾರ ಬಂದು, "ಪಟ್ಟಿ ಎಲ್ಲಿಗೆ ಬಂತ್ರಿ?" ಎಂದು ಎಲ್ಲರೆದುರು ಕೇಳಿ ಹೋಗುತ್ತಿದ್ದಳು.

ನನಗೆ ಮೆಮೋ ಬಂತು, ಲಿಖಿತ ಎಚ್ಚರಿಕೆಯೂ ಬಂತು. ಪಟ್ಟಿ ಮಾಡುವ ಕೆಲಸವೂ ನನಗೇ ಬಂತು. "ನೀವೇ ಕೆಡಿಸಿದ್ದು, ನೀವೇ ಸರಿ ಮಾಡಿ" ಎಂದರು ಸಾಹೇಬರು. ಕಂಪ್ಯೂಟರಿನ ಮುಂದೆ ಕೂತೆ. ಮೇಲಿದ್ದ ನನ್ನ ಹೆಸರು ತೆಗೆದು ಕೆಳಗೆ ಹಾಕಿದೆ, ಕೆಳಗಿದ್ದ ಶರಣಮ್ಮನ ಹೆಸರನ್ನು ಮೇಲೆ ತಂದೆ. ಹತ್ತು ನಿಮಿಷದ ಕೆಲಸ. ಹನ್ನೆರಡು ವರ್ಷದ ಭಾರ ಇಳಿದಂತಾಯಿತು.

ಪಟ್ಟಿ ಕಚೇರಿ ಸುತ್ತಿ ಬಂತು. ಅಂತೋಣಿ ನನ್ನ ಮೇಜಿನ ಮೇಲೆ ಹಾಳೆ ಇಟ್ಟು ತಲೆ ಕೆರೆದ. ಶರಣಮ್ಮ ಅತ್ತೆಗೆ ಹುಷಾರಿಲ್ಲವೆಂದು ರಜೆ ಹಾಕಿದ್ದಳು. "ಒಂದ್ ಸೈನ್ ಖಾಲಿ ಇದೆಮ್ಮ" ಅಂದ. ನಾನು ನೋಡಿದ ನೋಟಕ್ಕೆ, "ಅಯ್ಯಯ್ಯೋ, ನಾನೇನೂ ಹೇಳ್ಲಿಲ್ಲಪ್ಪ" ಎಂದು ಹಿಂದೆ ಸರಿದ.

ಹಾಳೆಯನ್ನೂ ಪಟ್ಟಿಯನ್ನೂ ಚೀಲಕ್ಕೆ ಹಾಕಿಕೊಂಡು ಆಟೋ ಹತ್ತಿ ಹಲಸೂರಿಗೆ ಹೋದೆ. ಕೆರೆಯ ಹಿಂದಿನ ಓಣಿಯಲ್ಲಿ ಅವಳ ಕೋಣೆ. ಕೇಸು ಹಾಕಿದಂದಿನಿಂದ ನಾವಿಬ್ಬರೂ ನೆಟ್ಟಗೆ ಮಾತನಾಡಿರಲಿಲ್ಲ. ಚಾಪೆ ಹಾಸಿದಳು, ನೀರು ಕೊಟ್ಟಳು. ನಾನು ಪೆನ್ನು ಮುಂದೆ ಹಿಡಿದೆ. ಅವಳು ಪೆನ್ನು ಮುಟ್ಟಲಿಲ್ಲ. ಪಟ್ಟಿಯನ್ನು ತೊಡೆಯ ಮೇಲಿಟ್ಟುಕೊಂಡು ಒಂದನೇ ಹೆಸರಿನಿಂದ ಬೆರಳಿಟ್ಟು ಓದತೊಡಗಿದಳು. ಹುಟ್ಟಿದ ದಿನ, ಸೇರಿದ ದಿನ, ಕ್ರಮಾಂಕ, ಯಾವುದನ್ನೂ ಬಿಡಲಿಲ್ಲ. ತನ್ನ ಹೆಸರು ದಾಟಿದ ಮೇಲೂ ನಿಲ್ಲಿಸಲಿಲ್ಲ. ಆಮೇಲೆ ತಲೆ ಎತ್ತಿದಳು.

"ನಾ ಸಹಿ ಮಾಡಂಗಿಲ್ಲರಿ."

ನನಗೆ ರೇಗಿತು. "ಇನ್ನೇನಮ್ಮ ಬೇಕು ನಿಂಗೆ? ಮೇಲೆ ಹಾಕಿದ್ದೀನಲ್ಲ!"

"ನನ್ನ ಜಾಗ ಬರೋಬರಿ ಐತಿ. ನಿಮ್ಮ ಜಾಗ ನೋಡ್ರಿ. ನೀವು ಹನ್ನೊಂದು, ಫಿಲೋಮಿನಾ ಮೇಡಂ ಹನ್ನೆರಡು. ಅವರ ಕೆಳಗ ಯಾಕ್ ಹೋಗಿ ಕುಂತೀರಿ?"

ಪಟ್ಟಿ ಕಸಿದುಕೊಂಡು ನೋಡಿದೆ. ನನ್ನನ್ನು ಕೆಳಗಿಳಿಸುವ ಅವಸರದಲ್ಲಿ ಮೇಲಿನ ಹೆಸರು, ಕೆಳಗಿನ ಹೆಸರು ಅದಲು ಬದಲು ಮಾಡಿ ಮುಗಿಸಿದ್ದೆ. ಮತ್ತೆ ಆಯ್ಕೆ ಪಟ್ಟಿ ನೋಡಿರಲಿಲ್ಲ. ಇಡೀ ಕಚೇರಿ ಅದಕ್ಕೆ 'ನೋಡಿದ್ದೇನೆ' ಎಂದು ಸಹಿ ಹಾಕಿತ್ತು, ಫಿಲೋಮಿನಾ ಸೇರಿ. ನಾನೂ ಹಾಕಿದ್ದೆ.

"ಇರ‍್ಲಿ ಬಿಡು ಶರಣಮ್ಮ" ಎಂದೆ. ನಿಜವಾಗಿ ಹಾಗೇ ಅನ್ನಿಸಿತು. "ನಾನು ಮಾಡಿದ್ದಕ್ಕೆ ಅಷ್ಟಾದ್ರೂ ಆಗ್ಬೇಕು."

ಅವಳಿಗೆ ಸಿಟ್ಟು ಬಂತು. ಕೋರ್ಟಿನಲ್ಲೂ ಅವಳ ಮುಖ ಹಾಗೆ ಕೆಂಪಾಗಿದ್ದನ್ನು ನಾನು ಕಂಡಿರಲಿಲ್ಲ. "ಯಾಕ್ ಇರಬೇಕ್ರಿ? ನಿಮ್ಮ ನಂಬರ್ ನಿಮ್ಮದು. ನೀವೂ ಓದೇ ತಗೊಂಡೀರಿ."

ಮಗನ ಶಾಲೆಯ ನೋಟ್‌ಬುಕ್ಕಿನಿಂದ ಒಂದು ಹಾಳೆ ಹರಿದು, ಅಲ್ಲೇ ಚಾಪೆಯ ಮೇಲೆ ಕೂತು ಬರೆದಳು. ಹೊಸ ಪಟ್ಟಿಗೆ ಬಂದ ಆಕ್ಷೇಪಣೆ ಅದೊಂದೇ. ನಾನೇ ಅದಕ್ಕೆ ಸ್ವೀಕೃತಿಯ ಮೊಹರು ಒತ್ತಿದೆ. ಅವಳು ಆ ಕುರ್ಚಿಗೆ ಹೋದಳು, ನಾನು ನಾಲ್ಕು ವರ್ಷ ಅವಳ ಕೈಕೆಳಗೆ ಕೆಲಸ ಮಾಡಿದೆ. ಕಡತದಲ್ಲಿ ನನ್ನಿಂದ ಒಂದು ಅಂಕಿ ತಪ್ಪಿದರೂ ಬಿಡುತ್ತಿರಲಿಲ್ಲ ಮಹರಾಯಿತಿ.

ಈಗ ಪಟ್ಟಿ ವಾಟ್ಸಾಪಿನಲ್ಲಿ ಬರುತ್ತದಂತೆ. ನೀವೆಲ್ಲ ತೆರೆಯದೆ ಹೆಬ್ಬೆರಳಿನ ಚಿತ್ರ ಒತ್ತಿ ಮುಂದೆ ಹೋಗುತ್ತೀರಂತೆ. ನಾವು ಹಾಕುತ್ತಿದ್ದ ಸಹಿಯೂ ಅಷ್ಟೇ ಆಗಿತ್ತು. ತೆರೆಯಿರಿ. ಮೊದಲ ಹೆಸರಿನಿಂದ ಬೆರಳಿಟ್ಟು ಓದಿ. ನಿಮ್ಮ ಹೆಸರು ಸಿಕ್ಕಿತೆಂದು ಅಲ್ಲಿಗೇ ನಿಲ್ಲಿಸಬೇಡಿ. ನನ್ನ ಹತ್ತಿರ ಈಗ ಕಚೇರಿಯ ಕಾಗದವೆಂದು ಉಳಿದಿರುವುದು ಆ ಆಕ್ಷೇಪಣೆಯ ಝೆರಾಕ್ಸ್ ಒಂದೇ. ಗೆರೆ ಹೊಡೆದ ಹಾಳೆ, ಮೂಲೆಯಲ್ಲಿ ಮಗುವಿನ ಮಗ್ಗಿ, ನಡುವೆ ಶರಣಮ್ಮನ ದುಂಡು ಅಕ್ಷರ: 'ಶ್ರೀಮತಿ ಮುನಿಲಕ್ಷ್ಮಿ ಇವರಿಗೆ ಸದರಿ ಪಟ್ಟಿಯಲ್ಲಿ ಅನ್ಯಾಯವಾಗಿರುತ್ತದೆ. ಸರಿಪಡಿಸಬೇಕೆಂದು ಕೋರುತ್ತೇನೆ.'